ಕಲಬುರಗಿಯಿಂದ ಕಮಲಾಪುರದವರೆಗೆ: ಪುಣ್ಯಸ್ಥಳಗಳೂ ರಣಸ್ಮಾರಕಗಳೂ

ಯಾತ್ರೆಯೆಂಬುದು ನಮ್ಮ ಜನಜೀವನದಲ್ಲಿ ಬಹು ಪ್ರಾಚೀನವಾದ ಆಚಾರ. ಹಿಂದಿನ ಯಾತ್ರಿಕನು ಕಾಲ್ನಡಿಗೆಯಲ್ಲೋ ಎತ್ತಿನ ಬಂಡಿಯಲ್ಲೋ ಹೊರಟು, ದಾರಿಯ ಊರುಗಳಲ್ಲಿ ತಂಗಿ, ಅಲ್ಲಲ್ಲಿಯ ಹಿರಿಯರಿಂದ ಅಲ್ಲಲ್ಲಿಯ ಕಥೆಗಳನ್ನು ಕೇಳುತ್ತ ಕ್ಷೇತ್ರವನ್ನು ಸೇರುತ್ತಿದ್ದನು. ಗುಡಿಯಲ್ಲಿ ಅರ್ಚಕರು, ಮಠದಲ್ಲಿ ಜಂಗಮರು, ದರ್ಗಾದಲ್ಲಿ ಮುಜಾವರರು ಅವನಿಗೆ ಸ್ಥಳಮಹಿಮೆಯನ್ನು ತಿಳಿಸುತ್ತಿದ್ದರು. ಹತ್ತು ಬಾಯಿಗಳಿಂದ ಕೇಳಿದ ಹತ್ತು ಕಥೆಗಳು ಅವನ ಮನಸ್ಸಿನಲ್ಲಿ ಒಂದನ್ನೊಂದು ತಿದ್ದುತ್ತಿದ್ದವು. ಇಂದಿನ ಯಾತ್ರಿಕನ ರೀತಿ ಬೇರೆ. ಬೆಳಗ್ಗೆ ಬಾಡಿಗೆಯ ಕಾರು ಬಾಗಿಲಿಗೆ ಬರುತ್ತದೆ. ಜೊತೆಗೊಬ್ಬ ಮಾರ್ಗದರ್ಶಿ ಇರುತ್ತಾನೆ. ಸಂಜೆಯೊಳಗೆ ಐದಾರು ಸ್ಥಳಗಳ ದರ್ಶನ ಮುಗಿಯುತ್ತದೆ. ಕಾಲ ಉಳಿಯಿತು, ಶ್ರಮ ಕಡಿಮೆಯಾಯಿತು. ಆದರೆ ಹತ್ತು ಬಾಯಿಗಳ ಸ್ಥಾನದಲ್ಲಿ ಒಂದೇ ಬಾಯಿ ಉಳಿಯಿತು. ಆ ಒಂದು ಬಾಯಿ ಏನನ್ನು ಹೇಳುತ್ತದೆ, ಏನನ್ನು ಬಿಡುತ್ತದೆ ಎಂಬುದರ ಮೇಲೆಯೇ ಯಾತ್ರಿಕನು ಮನೆಗೆ ಒಯ್ಯುವ ಇತಿಹಾಸವು ನಿಂತಿದೆ.

ಈ ಹೊಣೆಯ ಭಾರವು ಕಲಬುರಗಿಯಲ್ಲಿ ತಿಳಿದಷ್ಟು ಸ್ಪಷ್ಟವಾಗಿ ಬೇರೆಡೆ ತಿಳಿಯುವುದು ವಿರಳ. ಕೋಟೆ, ಮಸೀದಿ, ಸುಲ್ತಾನರ ಗೋರಿಗಳು, ಸೂಫಿಗಳ ದರ್ಗಾಗಳು, ಶರಣರ ಗದ್ದುಗೆ ಇವೆಲ್ಲ ಒಂದೇ ನಗರದಲ್ಲಿವೆ. ಅಲ್ಲಿಂದ ಈಶಾನ್ಯಕ್ಕೆ ಸುಮಾರು ೩೫ ಕಿಲೋಮೀಟರು ದೂರದ ಕಮಲಾಪುರದತ್ತ ಸಾಗುವ ಹಾದಿಯಾದರೋ ಮುಂದೆ ಹುಮನಾಬಾದಿಗೂ, ಶರಣರ ಕಲ್ಯಾಣಕ್ಕೂ ಯಾತ್ರಿಕನನ್ನು ಒಯ್ಯುತ್ತದೆ. ಪುಣ್ಯಸ್ಥಳಗಳ ಪಟ್ಟಿಯೊಂದು, ಯುದ್ಧದ ನೆನಪುಗಳ ಪಟ್ಟಿಯೊಂದು ಎಂದು ಇಲ್ಲಿ ಬೇರ್ಪಡಿಸಲು ಬರುವುದಿಲ್ಲ. ಒಂದನ್ನು ಓದದೆ ಇನ್ನೊಂದು ಅರ್ಥವಾಗದು.

ಕೋಟೆಯೂ ಒಂದು ವಚನವೂ

ಯಾತ್ರೆಯು ಸಾಮಾನ್ಯವಾಗಿ ಕೋಟೆಯಿಂದ ಆರಂಭವಾಗುತ್ತದೆ. ಕಾಕತೀಯರ ಅಧೀನನಾಗಿದ್ದ ರಾಜಾ ಗುಲಚಂದನು ಇದನ್ನು ಮೊದಲು ಕಟ್ಟಿಸಿದನೆಂಬುದು ಸ್ಥಳೀಯ ಐತಿಹ್ಯ. ೧೩೪೭ರಲ್ಲಿ ದೆಹಲಿಯ ತುಘಲಕರ ಹಿಡಿತವನ್ನು ಕಳಚಿಕೊಂಡು ಸ್ವತಂತ್ರನಾದ ಅಲಾವುದ್ದೀನ್ ಹಸನ್ ಬಹಮನ್ ಷಹನು ಕಲಬುರಗಿಯನ್ನು ರಾಜಧಾನಿಯಾಗಿ ಆರಿಸಿ, ಕೋಟೆಯನ್ನು ಬಲಪಡಿಸಿದನು. ಕೋಟೆಯೊಳಗಿನ ಜಾಮಿ ಮಸೀದಿಯು ಅವನ ಮಗ ಒಂದನೆಯ ಮುಹಮ್ಮದ್ ಷಹನ ಕಾಲದ್ದು. ೨೧೬ ಅಡಿ ಉದ್ದ, ೧೭೬ ಅಡಿ ಅಗಲವುಳ್ಳ ಈ ಕಟ್ಟಡದಲ್ಲಿ ಮಸೀದಿಗಳಲ್ಲಿ ಸಾಮಾನ್ಯವಾಗಿ ಕಾಣುವ ತೆರೆದ ಅಂಗಳವಿಲ್ಲ. ಇಡೀ ನೆಲವನ್ನು ಗುಮ್ಮಟಗಳ ಸಾಲುಗಳೇ ಮುಚ್ಚಿವೆ. ಸ್ಪೇನಿನ ಕೊರ್ಡೋವಾದ ಮಸೀದಿಯನ್ನು ನೋಡಿ ಇದನ್ನು ಕಟ್ಟಿದರೆಂಬ ಮಾತು ಯಾತ್ರಿಕರ ಕಿವಿಗೆ ತಪ್ಪದೆ ಬೀಳುತ್ತದೆ. ಶಾಸನದಲ್ಲಿ ಅದಕ್ಕೆ ಆಧಾರವಿಲ್ಲ. ಶಾಸನವು ಹೇಳುವುದು ಕಜ್ವೀನಿನ ರಫಿ ಎಂಬ ನಿರ್ಮಾಪಕನ ಹೆಸರನ್ನು ಮತ್ತು ಕ್ರಿ.ಶ. ೧೩೬೭ಕ್ಕೆ ಸರಿಹೊಂದುವ ಹಿಜರಿ ೭೬೯ನೆಯ ವರ್ಷವನ್ನು. ಕಥೆಗೂ ಕಲ್ಲಿಗೂ ಇರುವ ಈ ಅಂತರವನ್ನು ಮೊದಲ ನಿಲ್ದಾಣದಲ್ಲಿಯೇ ತೋರಿಸಿಕೊಡುವ ಮಾರ್ಗದರ್ಶಿಯು ಮುಂದಿನ ದಾರಿಯನ್ನೆಲ್ಲ ಸುಗಮಗೊಳಿಸುತ್ತಾನೆ.

ಈ ೧೩೬೭ ಎಂಬ ವರ್ಷವು ಬೇರೊಂದು ಕಾರಣಕ್ಕೂ ಗಮನಾರ್ಹವಾದುದು. ಬಹಮನಿ ಸುಲ್ತಾನನಿಗೂ ವಿಜಯನಗರದ ಬುಕ್ಕರಾಯನಿಗೂ ನಡೆದ ಘೋರ ಯುದ್ಧದ ಕಾಲವೂ ಅದೇ. ವಿಜಾಪುರದಲ್ಲಿ ಕುಳಿತು ಎರಡು ಶತಮಾನಗಳಿಗೂ ಮಿಕ್ಕಿ ಅನಂತರ ಬರೆದ ಫೆರಿಸ್ತಾನ ಪ್ರಕಾರ, ಆ ಯುದ್ಧವು ಒಂದು ಪಾನಗೋಷ್ಠಿಯಿಂದ ಹುಟ್ಟಿತು. ಹಾಡಿ ರಂಜಿಸಿದ ಗಾಯಕರ ಸಂಭಾವನೆಯನ್ನು ಸುಲ್ತಾನನು ವಿಜಯನಗರದ ಬೊಕ್ಕಸದ ಮೇಲೆ ಬರೆದುಕೊಟ್ಟನಂತೆ. ರಾಯನು ಆ ಪತ್ರವನ್ನು ತಂದವನನ್ನು ಕತ್ತೆಯ ಮೇಲೆ ಮೆರೆಸಿದನಂತೆ. ಅನಂತರ ಹರಿದ ರಕ್ತಕ್ಕೆ ಫೆರಿಸ್ತಾನು ಕೊಡುವ ಲೆಕ್ಕವನ್ನು ಇತಿಹಾಸಕಾರರು ಅಕ್ಷರಶಃ ಸ್ವೀಕರಿಸುವುದಿಲ್ಲ. ಆದರೆ ಯುದ್ಧದ ಕೊನೆಯಲ್ಲಿ ವಿಜಯನಗರದ ರಾಯಭಾರಿಗಳ ಮಾತಿಗೆ ಕಿವಿಗೊಟ್ಟ ಸುಲ್ತಾನನು, ಗೆಲುವಿನ ಬಳಿಕ ಶತ್ರುಗಳನ್ನು ಕೊಲ್ಲುವುದಿಲ್ಲವೆಂದು ಪ್ರತಿಜ್ಞೆ ಮಾಡಿ, ತನ್ನ ವಂಶದವರೂ ಅದನ್ನು ಪಾಲಿಸಬೇಕೆಂದು ವಿಧಿಸಿದನೆಂಬ ಸಂಗತಿಯನ್ನೂ ಅದೇ ಗ್ರಂಥವು ದಾಖಲಿಸಿದೆ. ಆ ಪ್ರತಿಜ್ಞೆಯು ಮುಂದೆ ಎಷ್ಟರಮಟ್ಟಿಗೆ ಉಳಿಯಿತೆಂಬುದು ಬೇರೆಯ ಪ್ರಶ್ನೆ. ಕೊಲೆಗೂ ಒಂದು ಎಲ್ಲೆ ಇರಬೇಕೆಂಬ ವಿವೇಕವು ಆ ಕಾಲದ ನೆನಪಿನಲ್ಲಿ ಉಳಿದುಬಂದಿತೆಂಬುದೇ ದೊಡ್ಡ ಮಾತು. ಕೋಟೆಯ ಮೇಲಿನ ‘ಬಾರಾ ಗಜಿ’ ತೋಪಿನ ಉದ್ದವನ್ನು ಹೆಮ್ಮೆಯಿಂದ ಹೇಳುವವರು ಈ ವಚನಭಾರವನ್ನೂ ಒಂದು ಮಾತಿನಲ್ಲಿ ಹೇಳಿದರೆ ಯಾತ್ರಿಕನ ಜ್ಞಾನವು ಪೂರ್ಣವಾದೀತು.

ಏಳು ಗುಮ್ಮಟಗಳ ನೆರಳಿನಲ್ಲಿ

ಕೋಟೆಯಿಂದ ಊರಿನ ಪೂರ್ವಭಾಗಕ್ಕೆ ಬಂದರೆ ‘ಹಫ್ತ್ ಗುಂಬಜ್’ ಎಂದು ಹೆಸರಾದ ಗೋರಿಗಳ ಸಮೂಹವಿದೆ. ಸುಲ್ತಾನ ಮುಜಾಹಿದ್ ಷಹನು ೧೩೭೮ರಲ್ಲಿ ವಿಜಯನಗರದ ದಂಡಯಾತ್ರೆಯಿಂದ ಮರಳುವಾಗ ತನ್ನ ಚಿಕ್ಕಪ್ಪ ದಾವೂದನ ಸಂಚಿಗೆ ಬಲಿಯಾದನು. ಸಿಂಹಾಸನವನ್ನೇರಿದ ದಾವೂದನು ಅದೇ ವರ್ಷ ಪ್ರಾರ್ಥನೆಯ ವೇಳೆಯಲ್ಲಿ ಕೊಲೆಯಾದನು. ಅಣ್ಣನ ಸಾವಿಗೆ ಮುಜಾಹಿದನ ಸೋದರಿ ತೀರಿಸಿಕೊಂಡ ಸೇಡು ಅದೆಂದು ಚರಿತ್ರೆಗಾರರು ಹೇಳುತ್ತಾರೆ. ಕೊಂದವನೂ ಕೊಲೆಗೊಂಡವನೂ ಇಂದು ಒಂದೇ ಆವರಣದಲ್ಲಿ, ಒಂದೇ ಬಗೆಯ ಗುಮ್ಮಟಗಳ ಕೆಳಗೆ ಮಲಗಿದ್ದಾರೆ. ರಾಜ್ಯಲೋಭದ ಅಂತ್ಯವನ್ನು ಕುರಿತು ಇದಕ್ಕಿಂತ ಹೆಚ್ಚು ಹೇಳುವ ಉಪದೇಶವು ದುರ್ಲಭ.

ಈ ಸಮೂಹದಲ್ಲಿ ಅತ್ಯಂತ ಭವ್ಯವಾದುದು ಫಿರೋಜ್ ಷಹನ ಗೋರಿ. ಅವನು ವಿದ್ಯಾಪ್ರಿಯನೂ ಬಹುಭಾಷಾಭಿಮಾನಿಯೂ ಆಗಿದ್ದನು. ವಿಜಯನಗರದೊಡನೆ ಅನೇಕ ಬಾರಿ ಯುದ್ಧ ಮಾಡಿ, ಕೊನೆಗೆ ೧೪೨೦ರ ಸುಮಾರಿಗೆ ಪಾನಗಲ್ಲಿನಲ್ಲಿ ದೇವರಾಯನ ಸೈನ್ಯದಿಂದ ಸೋತು, ೧೪೨೨ರಲ್ಲಿ ತಮ್ಮ ಅಹಮದನಿಗೆ ಪಟ್ಟ ಬಿಟ್ಟುಕೊಟ್ಟು ತೀರಿಹೋದನು. ವಾಸ್ತುವಿನ ವಿದ್ಯಾರ್ಥಿಯು ಈ ಗೋರಿಯ ಮುಂದೆ ಅರೆಗಳಿಗೆ ನಿಲ್ಲಬೇಕು. ಅದರ ಇಳಿಜಾರು ಚಾವಣಿಯನ್ನು ಹೊತ್ತ ಕೆತ್ತನೆಯ ಚಾಚುಕಲ್ಲುಗಳಲ್ಲಿ ದೇವಾಲಯಶಿಲ್ಪದ ಪರಿಚಯವುಳ್ಳ ಕೈಗಳ ಗುರುತು ಎದ್ದು ಕಾಣುತ್ತದೆ. ದೊರೆಗಳು ಗಡಿಯಲ್ಲಿ ಕಾದಾಡುತ್ತಿದ್ದಾಗ ಕುಶಲಕರ್ಮಿಗಳ ಉಳಿಗಳು ಎರಡು ಸಂಪ್ರದಾಯಗಳನ್ನು ಒಂದೇ ಕಲ್ಲಿನಲ್ಲಿ ಕೂಡಿಸುತ್ತಿದ್ದವು.

ಗುರುಗಳ ಸನ್ನಿಧಿ, ಅನ್ನದ ಸನ್ನಿಧಿ

ಫಿರೋಜನು ತೀರಿಕೊಂಡ ವರ್ಷದಲ್ಲಿಯೇ, ೧೪೨೨ರ ನವೆಂಬರಿನಲ್ಲಿ, ನೂರು ವರ್ಷಗಳ ತುಂಬು ಬಾಳನ್ನು ಬಾಳಿದ್ದ ಸೂಫಿ ಸಂತ ಖ್ವಾಜಾ ಬಂದೇ ನವಾಜ್ ಗೇಸುದರಾಜರೂ ದೇಹ ಬಿಟ್ಟರು. ದೆಹಲಿಯಲ್ಲಿ ಹುಟ್ಟಿ, ತೈಮೂರನ ದಾಳಿಯ ಕಾಲದಲ್ಲಿ ದಕ್ಷಿಣಕ್ಕೆ ಬಂದು, ಸುಮಾರು ೧೪೦೦ರಲ್ಲಿ ಕಲಬುರಗಿಯಲ್ಲಿ ನೆಲೆಸಿದವರು ಅವರು. ದಖನಿ ಗದ್ಯದ ಮೊದಲ ಕೃತಿಗಳಲ್ಲಿ ಒಂದೆನಿಸಿದ ‘ಮೇರಾಜುಲ್ ಆಶಿಕೀನ್’ ಅವರದೆಂದು ಬಹುಕಾಲ ನಂಬಲಾಗಿತ್ತು; ಈಚಿನ ವಿದ್ವಾಂಸರು ಅದನ್ನು ಒಪ್ಪುವುದಿಲ್ಲ. ಕರ್ತೃತ್ವವು ಏನೇ ಇರಲಿ, ಧರ್ಮದ ತಿರುಳನ್ನು ಆಡುನುಡಿಯಲ್ಲಿಯೇ ಹೇಳಬೇಕೆಂಬ ಹಂಬಲವನ್ನು ವಚನವಾಙ್ಮಯದ ವಿದ್ಯಾರ್ಥಿಗಳು ಸುಲಭವಾಗಿ ಗುರುತಿಸಬಲ್ಲರು. ಅವರಿಗಿಂತ ಹಿಂದೆ ಬಹಮನಿ ಸುಲ್ತಾನರಿಂದ ಗೌರವಿಸಲ್ಪಟ್ಟ ಶೇಖ್ ಸಿರಾಜುದ್ದೀನ್ ಜುನೈದಿಯವರ ದರ್ಗಾವೂ ಇದೇ ನಗರದಲ್ಲಿದೆ.

೧೪೨೦ರ ದಶಕದಲ್ಲಿ ರಾಜಧಾನಿಯು ಬೀದರಿಗೆ ಹೋಯಿತು. ಅರಮನೆಗಳು ಹಾಳಾದವು, ಆಸ್ಥಾನವು ಕರಗಿತು. ಸಂತನ ಸಮಾಧಿಗೆ ಮಾತ್ರ ಜನ ಬರುವುದು ನಿಲ್ಲಲಿಲ್ಲ. ಅಂದಿನಿಂದ ಇಂದಿನವರೆಗೆ ಉರುಸಿನ ದಿನಗಳಲ್ಲಿ ಅಲ್ಲಿ ಕೂಡುವ ಭಕ್ತರಲ್ಲಿ ಹಿಂದೂಗಳೂ ಸೇರಿದ್ದಾರೆ.

ಇದೇ ಸತ್ಯವನ್ನು ಇನ್ನೊಂದು ಬಗೆಯಲ್ಲಿ ತೋರುವುದು ಜನರು ಪ್ರೀತಿಯಿಂದ ‘ಅಪ್ಪನ ಗುಡಿ’ ಎಂದು ಕರೆಯುವ ಶ್ರೀ ಶರಣಬಸವೇಶ್ವರ ದೇವಾಲಯ. ೧೭೪೬ರಲ್ಲಿ ಜೇವರ್ಗಿ ಸೀಮೆಯ ಅರಳಗುಂಡಗಿಯಲ್ಲಿ ಜನಿಸಿ, ೧೮೨೨ರಲ್ಲಿ ಕಲಬುರಗಿಯಲ್ಲಿ ಲಿಂಗೈಕ್ಯರಾದ ಶರಣಬಸವೇಶ್ವರರ ಕಾಲವು ದಖನಿಗೆ ನೆಮ್ಮದಿಯ ಕಾಲವಾಗಿರಲಿಲ್ಲ. ನಿಜಾಮನಿಗೂ ಮರಾಠರಿಗೂ ಕದನಗಳು ನಡೆಯುತ್ತಿದ್ದವು. ೧೭೯೫ರ ಖರ್ಡಾ ಯುದ್ಧದಲ್ಲಿ ನಿಜಾಮನು ಸೋತನು. ೧೮೧೮ರಲ್ಲಿ ಪೇಶ್ವೆಯ ಅಧಿಕಾರವೂ ಅಳಿಯಿತು. ಸೈನ್ಯಗಳು ತುಳಿದ ನೆಲದಲ್ಲಿ ರೈತನಾಗಿ ಬಾಳಿದ ಈ ಶರಣರು ಹೊಲದ ತೆನೆಯಿಂದ ಹಕ್ಕಿಗಳನ್ನು ಓಡಿಸಲಿಲ್ಲವೆಂದೂ, ಬಂದವರ ಜಾತಿಯನ್ನು ಕೇಳದೆ ಅನ್ನವಿಕ್ಕಿದರೆಂದೂ ಸಂಪ್ರದಾಯವು ಹೇಳುತ್ತದೆ. ಕಲ್ಯಾಣದ ಶರಣರು ಬೋಧಿಸಿದ ದಾಸೋಹತತ್ತ್ವವು ಆರು ಶತಮಾನಗಳ ಬಳಿಕ ಒಬ್ಬ ಒಕ್ಕಲಿಗನ ಅಂಗಳದಲ್ಲಿ ಮರಳಿ ಮೈದೋರಿದ ರೀತಿಯಿದು. ಹೋಳಿಯ ಐದನೆಯ ದಿನ ನಡೆಯುವ ರಥೋತ್ಸವದಲ್ಲಿ ಶರಣರು ಬಳಸಿದ್ದೆಂದು ಭಕ್ತರು ನಂಬುವ ಪರುಷ ಬಟ್ಟಲನ್ನು ಪೀಠಾಧಿಪತಿಗಳು ಎತ್ತಿ ತೋರಿಸುತ್ತಾರೆ. ಬೆಳಗ್ಗೆ ತೋಪನ್ನು ಕಂಡ ಯಾತ್ರಿಕನಿಗೆ ಈ ಬಟ್ಟಲಿನ ಕಥೆಯನ್ನು ಹೇಳದಿದ್ದರೆ ಅವನು ಕಲಬುರಗಿಯನ್ನು ಅರ್ಧವೇ ಕಂಡಂತಾಯಿತು.

ಊರ ಬಾಗಿಲಿನ ವೀರಗಲ್ಲು

ನಗರವನ್ನು ಬಿಟ್ಟು ಕಮಲಾಪುರದ ದಾರಿ ಹಿಡಿಯುವ ಮೊದಲು ಯುದ್ಧಸ್ಮಾರಕವೆಂಬ ಮಾತಿನ ಅರ್ಥವನ್ನು ಕನ್ನಡದ ದೃಷ್ಟಿಯಿಂದ ನೋಡುವುದು ಅಗತ್ಯ. ನಮ್ಮ ನಾಡಿನ ಯುದ್ಧಸ್ಮಾರಕವು ಮೂಲತಃ ವೀರಗಲ್ಲು. ಕನ್ನಡನಾಡಿನ ಹಳ್ಳಿಹಳ್ಳಿಗಳಲ್ಲಿ, ಊರ ಬಾಗಿಲಲ್ಲಿ, ಕೆರೆಯ ಏರಿಯಲ್ಲಿ, ಹನುಮಂತನ ಗುಡಿಯ ಮಗ್ಗುಲಲ್ಲಿ ಅದು ಸಿಗುತ್ತದೆ. ಕೆಳಗಿನ ಪಟ್ಟಿಕೆಯಲ್ಲಿ ಹೋರಾಟ, ನಡುವೆ ವೀರನನ್ನು ಒಯ್ಯುವ ಅಪ್ಸರೆಯರು, ಮೇಲೆ ಶಿವಲಿಂಗದ ಸನ್ನಿಧಿ ಎಂಬುದು ಅದರ ಸಾಮಾನ್ಯ ಕ್ರಮ. ತುರುಗೋಳ್, ಊರಳಿವು, ಪೆಣ್ಬುಯ್ಯಲ್ ಎಂಬ ಶಾಸನಪದಗಳು ಆ ಸಾವುಗಳ ಕಾರಣವನ್ನು ತಿಳಿಸುತ್ತವೆ. ದನಗಳನ್ನು ಬಿಡಿಸಿಕೊಳ್ಳಲು, ಊರನ್ನು ಉಳಿಸಲು, ಹೆಣ್ಣುಮಕ್ಕಳ ಮಾನ ಕಾಯಲು ಮಡಿದವರು ಇವರು. ಹೆಚ್ಚಿನವರು ಸಾಮಾನ್ಯ ಒಕ್ಕಲುಗಳು, ಕಾವಲುಗಾರರು.

ಈ ಸೀಮೆಯ ಮಾನ್ಯಖೇಟದಿಂದ ಆಳಿದ ರಾಷ್ಟ್ರಕೂಟ ಮೂರನೆಯ ಕೃಷ್ಣನು ೯೪೯ರ ತಕ್ಕೋಲ ಯುದ್ಧದಲ್ಲಿ ಚೋಳರನ್ನು ಗೆದ್ದ ಸಂಗತಿಯನ್ನು ಮಂಡ್ಯ ಜಿಲ್ಲೆಯ ಆತಕೂರಿನ ಶಾಸನವು ಹೇಳುತ್ತದೆ. ಆದರೆ ಆ ಕಲ್ಲಿನ ಮೇಲೆ ಕೆತ್ತಿರುವುದು ಚಕ್ರವರ್ತಿಯ ಚಿತ್ರವಲ್ಲ. ಹಂದಿಯೊಡನೆ ಹೋರಾಡಿ ಸತ್ತ ಕಾಳಿ ಎಂಬ ನಾಯಿಯ ಚಿತ್ರ. ಸಾಮ್ರಾಜ್ಯದ ಮಹಾಯುದ್ಧವನ್ನು ಹೇಳುವ ಕಲ್ಲು ಒಂದು ಮೂಕಪ್ರಾಣಿಯ ಸಾವಿಗೂ ಸ್ಥಳ ಕೊಟ್ಟಿದೆ. ಸತ್ತವರನ್ನು ನೆನೆಯುವಲ್ಲಿ ನಮ್ಮ ಪೂರ್ವಿಕರಿಗಿದ್ದ ಔದಾರ್ಯವು ಇದರಿಂದ ವ್ಯಕ್ತವಾಗುತ್ತದೆ.

ಕಾಲಕ್ರಮದಲ್ಲಿ ಅಕ್ಷರಗಳು ಸವೆದು, ವೀರನ ಹೆಸರು ಮರೆತು, ಅನೇಕ ವೀರಗಲ್ಲುಗಳು ದೇವರಾಗಿವೆ. ಜನರು ಎಣ್ಣೆ ಎರೆದು, ಕುಂಕುಮ ಹಚ್ಚಿ, ಕಾಯಿ ಒಡೆಯುತ್ತಾರೆ. ಯಾರನ್ನು ಯಾರು ಕೊಂದರೆಂಬುದು ಅಳಿದು, ಊರಿಗಾಗಿ ಒಬ್ಬನು ಪ್ರಾಣ ಕೊಟ್ಟನೆಂಬ ಭಾವ ಮಾತ್ರ ಉಳಿದಿದೆ. ರಣಸ್ಮಾರಕವು ಪುಣ್ಯಸ್ಥಳವಾಗುವ ಬಗೆಯೇ ಇದು: ಹಗೆಯು ಸವೆಯುತ್ತದೆ, ತ್ಯಾಗವು ನಿಲ್ಲುತ್ತದೆ.

ಕಮಲಾಪುರದ ದಾರಿ

ಕಲಬುರಗಿಯಿಂದ ಕಮಲಾಪುರಕ್ಕೆ ಹೋಗುವ ಹಾದಿಯ ಇಕ್ಕೆಲಗಳಲ್ಲಿ ತೊಗರಿಯ ಹೊಲಗಳು ಹಬ್ಬಿವೆ. ಈ ಹಾದಿಯಲ್ಲಿ ಹೊಳಕುಂದಾ ಎಂಬಲ್ಲಿ ಬಹಮನಿ ಕಾಲದ ಗುಮ್ಮಟಗಳ ಸಮೂಹವೊಂದಿದೆ; ನಗರದ ಸ್ಮಾರಕಗಳನ್ನು ನೋಡಿ ತೃಪ್ತರಾಗಿ ಹಿಂದಿರುಗುವವರು ಇದನ್ನು ಕಾಣುವುದಿಲ್ಲ. ಕೆಂಪು ಬಾಳೆಗೆ ಹೆಸರಾದ ಕಮಲಾಪುರವು ಈಗ ತಾಲ್ಲೂಕು ಕೇಂದ್ರ. ಯಾತ್ರಿಕರಿಗೆ ಅದು ಊಟಕ್ಕೆ ತಂಗುವ ಊರಾಗಿರಬಹುದು. ಇತಿಹಾಸದ ವಿದ್ಯಾರ್ಥಿಗಾದರೋ ಅದು ಎರಡು ಕಾಲಗಳನ್ನು ನೆನೆಯುವ ಸ್ಥಳ. ಹನ್ನೆರಡನೆಯ ಶತಮಾನದಲ್ಲಿ ಕಲ್ಯಾಣವು ರಕ್ತಸಿಕ್ತವಾದಾಗ ಶರಣರು ಚದುರಿಹೋದ ಸೀಮೆಯ ಅಂಚಿನಲ್ಲಿ ಅದಿದೆ. ಇಪ್ಪತ್ತನೆಯ ಶತಮಾನದಲ್ಲಿ ಹೈದರಾಬಾದ್ ಸಂಸ್ಥಾನವು ಭಾರತದಲ್ಲಿ ವಿಲೀನವಾದಾಗ, ೧೯೪೮ರ ಸೆಪ್ಟೆಂಬರ್ ೧೩ರಂದು ಸೊಲ್ಲಾಪುರದ ಕಡೆಯಿಂದ ಹೊರಟ ಭಾರತೀಯ ಸೈನ್ಯವು ನಳದುರ್ಗ, ರಾಜೇಶ್ವರ, ಹುಮನಾಬಾದುಗಳ ಮೂಲಕ ಹೈದರಾಬಾದಿನತ್ತ ಸಾಗಿತು. ಕಮಲಾಪುರದ ಹಾದಿಯು ಹುಮನಾಬಾದಿನಲ್ಲಿ ಆ ದಾರಿಯನ್ನೇ ಕೂಡುತ್ತದೆ. ಸೆಪ್ಟೆಂಬರ್ ೧೭ರಂದು ನಿಜಾಮನು ಶರಣಾದನು.

ಹೆಸರಿರುವ ಸಾವು, ಹೆಸರಿಲ್ಲದ ಸಾವು

ಆ ವಿಲೀನಕ್ಕೆ ಮುಂಚೆ ಈ ಭಾಗದ ಹಳ್ಳಿಗಳು ರಜಾಕಾರರ ಹಿಂಸೆಯಲ್ಲಿ ನೊಂದವು. ಹುಮನಾಬಾದಿನ ಆಚೆ ಬೀದರ ಜಿಲ್ಲೆಯ ಗೋರ್ಟಾ ಗ್ರಾಮದಲ್ಲಿ ೧೯೪೮ರ ಮೇ ತಿಂಗಳಲ್ಲಿ ನಡೆದ ಹತ್ಯಾಕಾಂಡದಲ್ಲಿ ಇನ್ನೂರಕ್ಕೂ ಹೆಚ್ಚು ಮಂದಿ ಮಡಿದರೆಂದು ಹೇಳಲಾಗುತ್ತದೆ. ಆ ಹುತಾತ್ಮರ ಸ್ಮಾರಕವು ೨೦೨೩ರ ಮಾರ್ಚಿನಲ್ಲಿ ಉದ್ಘಾಟನೆಯಾಯಿತು. ಕಲಬುರಗಿ ನಗರದಲ್ಲಿ ಪ್ರತಿವರ್ಷ ಸೆಪ್ಟೆಂಬರ್ ೧೭ರಂದು ಸರ್ದಾರ್ ಪಟೇಲರ ಪ್ರತಿಮೆಗೆ ಮಾಲಾರ್ಪಣೆ ನಡೆಯುತ್ತದೆ. ೨೦೧೯ರಿಂದ ಆ ದಿನಕ್ಕೆ ‘ಕಲ್ಯಾಣ ಕರ್ನಾಟಕ ಉತ್ಸವ’ವೆಂಬ ಹೆಸರು ಬಂದಿದೆ. ಇವು ನ್ಯಾಯವಾದ ಸ್ಮರಣೆಗಳು. ಮಾರ್ಗದರ್ಶಿಯು ಇವನ್ನು ಶ್ರದ್ಧೆಯಿಂದ ಹೇಳಬೇಕು.

ಹೇಳಬೇಕಾದುದು ಇನ್ನೂ ಒಂದಿದೆ. ಸೈನಿಕ ಕಾರ್ಯಾಚರಣೆಯ ಕಾಲದಲ್ಲಿಯೂ ಅನಂತರವೂ ಸಂಸ್ಥಾನದ ಹಲವು ಭಾಗಗಳಲ್ಲಿ ಮುಸ್ಲಿಮರ ಮೇಲೆ ಪ್ರತೀಕಾರದ ಹಿಂಸೆ ನಡೆಯಿತು. ಅದನ್ನು ವಿಚಾರಿಸಲು ಭಾರತ ಸರ್ಕಾರವು ಕಳುಹಿಸಿದ ಪಂಡಿತ ಸುಂದರಲಾಲರ ಸಮಿತಿಯು ಸತ್ತವರ ಸಂಖ್ಯೆಯನ್ನು ೨೭ ಸಾವಿರದಿಂದ ೪೦ ಸಾವಿರದವರೆಗೆ ಅಂದಾಜು ಮಾಡಿತು. ಅತಿ ಹೆಚ್ಚು ನೊಂದ ನಾಲ್ಕು ಜಿಲ್ಲೆಗಳೆಂದು ಅದು ಹೆಸರಿಸಿದುದು ಉಸ್ಮಾನಾಬಾದ್, ಗುಲಬರ್ಗಾ, ಬೀದರ ಮತ್ತು ನಾಂದೇಡಗಳನ್ನು. ಆ ವರದಿಯು ದಶಕಗಳ ಕಾಲ ಪ್ರಕಟವಾಗಲಿಲ್ಲ. ಪ್ರಾಣದ ಹಂಗು ತೊರೆದು ಮುಸ್ಲಿಂ ನೆರೆಹೊರೆಯವರನ್ನು ಕಾಪಾಡಿದ ಹಿಂದೂಗಳ ಸಂಗತಿಯನ್ನೂ ಆ ಸಮಿತಿಯು ದಾಖಲಿಸಿದೆ. ಗೋರ್ಟಾದಲ್ಲಿ ಸತ್ತವರೂ ಈ ನೆಲದ ರೈತರು. ಅನಂತರ ಸತ್ತವರಲ್ಲಿಯೂ ಈ ನೆಲದ ರೈತರು, ನೇಕಾರರು ಇದ್ದರು. ಒಬ್ಬರ ನೋವನ್ನು ಹೇಳಿ ಇನ್ನೊಬ್ಬರ ನೋವನ್ನು ಮುಚ್ಚಿದರೆ ಸ್ಮಾರಕವು ಹಗೆಯ ಬೀಜವಾಗುತ್ತದೆ. ಎರಡನ್ನೂ ಹೇಳಿದಾಗಲೇ ಅದು ಎಚ್ಚರಿಕೆಯ ಕಲ್ಲಾಗುತ್ತದೆ. ನಾಯಿಯೊಂದರ ಸಾವನ್ನು ಸಹ ಕಲ್ಲಿನಲ್ಲಿ ಕಡೆದ ನಾಡಿಗೆ ಮನುಷ್ಯರ ಸಾವನ್ನು ಎಣಿಸುವಲ್ಲಿ ಪಂಕ್ತಿಭೇದವು ಸಲ್ಲದು.

ಇಲ್ಲಿ ಮಾರ್ಗದರ್ಶಿಯ ವೃತ್ತಿಯು ಕೇವಲ ವೃತ್ತಿಯಾಗಿ ಉಳಿಯುವುದಿಲ್ಲ. ಕಾರಿನಲ್ಲಿ ಕುಳಿತ ಮೂರೋ ನಾಲ್ಕೋ ಜನರ ಮುಂದೆ ಅವನು ಆಡುವ ಮಾತಿಗೆ ಸಾಕ್ಷಿಯಿಲ್ಲ, ತಿದ್ದುವವರಿಲ್ಲ. ಕೇಳುವವರ ಮುಖ ನೋಡಿ, ಅವರಿಗೆ ಹಿತವಾದುದನ್ನಷ್ಟೇ ಹೇಳುವ ಮೋಹ ಸಹಜ. ಅರಿತು ನುಡಿಯುವುದೂ ಒಂದು ಕಾಯಕವೆಂದು ತಿಳಿದವನು ಮಾತ್ರ ಆ ಮೋಹವನ್ನು ಗೆಲ್ಲಬಲ್ಲನು. ಯಾತ್ರಿಕನಿಗೂ ಪಾಲಿನ ಹೊಣೆಯಿದೆ: ಶಾಸನವೇನು ಹೇಳುತ್ತದೆ, ಜನರೇನು ಹೇಳುತ್ತಾರೆ, ಇಲ್ಲಿ ಯಾರ ಹೆಸರು ಇಲ್ಲ ಎಂದು ಮೂರು ಪ್ರಶ್ನೆಗಳನ್ನು ಅವನು ಕೇಳಬೇಕು.

ಉಳಿದ ಒಂದು ಕಲ್ಲು

ಒಂದು ದಿನದ ಈ ಯಾತ್ರೆಯಲ್ಲಿ ಸೇರದ, ಆದರೆ ಇದರ ಅರ್ಥವನ್ನು ಬೆಳಗುವ ಸ್ಥಳವೊಂದು ಇದೇ ಜಿಲ್ಲೆಯ ಭೀಮಾತೀರದಲ್ಲಿದೆ. ಅದು ಸನ್ನತಿ. ಅಲ್ಲಿಯ ಚಂದ್ರಲಾಂಬಾ ದೇವಾಲಯದ ಆವರಣದಲ್ಲಿದ್ದ ಕಾಳಿಕಾ ಗುಡಿಯ ಚಾವಣಿ ಕುಸಿದು, ದೇವಿಯ ವಿಗ್ರಹದ ಪೀಠವಾಗಿದ್ದ ಕಲ್ಲುಚಪ್ಪಡಿಯನ್ನು ತೆಗೆದಾಗ ಅದರ ಮೇಲೆ ಅಶೋಕನ ಶಾಸನಗಳು ಕಂಡವು. ೧೯೮೯ರಲ್ಲಿ ಅವು ವಿದ್ವಾಂಸರ ಗಮನಕ್ಕೆ ಬಂದವು. ಆ ಚಪ್ಪಡಿಯ ಒಂದು ಮುಖದಲ್ಲಿ, ಎಲ್ಲ ಪಂಥಗಳೂ ಪರಸ್ಪರ ಗೌರವದಿಂದ ಇರಬೇಕೆಂದು ಬೋಧಿಸುವ ಹನ್ನೆರಡನೆಯ ಶಾಸನದ ಭಾಗವೂ ಹದಿನಾಲ್ಕನೆಯದೂ ಇವೆ. ಇನ್ನೊಂದು ಮುಖದಲ್ಲಿರುವುದು, ಯುದ್ಧದಲ್ಲಿ ಗೆದ್ದ ಕಳಿಂಗದಲ್ಲಿ ಪ್ರಜೆಗಳನ್ನು ಮಕ್ಕಳಂತೆ ಕಾಣಬೇಕೆಂದು ಅಧಿಕಾರಿಗಳಿಗೆ ವಿಧಿಸಿ ಹೊರಡಿಸಿದ ಪ್ರತ್ಯೇಕ ಶಾಸನಗಳು.

ಧರ್ಮದ ಮಾತು ಒಂದು ಕಡೆ, ಯುದ್ಧಾನಂತರದ ನ್ಯಾಯದ ಮಾತು ಇನ್ನೊಂದು ಕಡೆ. ಎರಡನ್ನೂ ಹೊತ್ತ ಆ ಕಲ್ಲು ಶತಮಾನಗಳ ಕಾಲ ದೇವಿಯ ಪಾದದಡಿಯಲ್ಲಿ, ಯಾರೂ ಓದದೆ, ಪೂಜೆಯ ಆಸರೆಯಾಗಿ ನಿಂತಿತ್ತು. ಕಲಬುರಗಿಯಿಂದ ಕಮಲಾಪುರದವರೆಗಿನ ನೆಲದಲ್ಲಿಯೂ ಅಂಥ ಎಷ್ಟೋ ಕಲ್ಲುಗಳಿವೆ. ಅವುಗಳ ಒಂದೇ ಮುಖವನ್ನು ನೋಡಿ ಮುಂದೆ ಸಾಗದೆ, ಮಗ್ಗುಲು ತಿರುಗಿಸಿ ಓದುವ ತಾಳ್ಮೆಯು ಯಾತ್ರಿಕರಿಗೂ, ಅವರ ಮುಂದೆ ನಡೆಯುವ ಮಾರ್ಗದರ್ಶಿಗಳಿಗೂ ಬರಲಿ.